ಹುಟ್ಟದ ನಕ್ಷತ್ರಗಳ ಪಟ್ಟಿ

ಒಂಬತ್ತನೇ ಕ್ಲಾಸಿನಲ್ಲಿರುವ ನನ್ನ ಮಗಳು ಕಳೆದ ಬೇಸಿಗೆ ರಜೆಯಲ್ಲಿ ಒಂದು ಕಾದಂಬರಿ ಶುರುಮಾಡಿದಳು. ಬರೆಯುವುದು ಇಂಗ್ಲಿಷಿನಲ್ಲಿ, ನನಗೆ ಹೇಳುವುದು ಕನ್ನಡದಲ್ಲಿ. ಪುಣೆಯಲ್ಲಿ ಹುಟ್ಟಿ ಬೆಳೆದ ಮಕ್ಕಳ ಕಥೆ ನಿಮಗೆ ಗೊತ್ತೇ ಇದೆ. ಮನೆಯಲ್ಲಿ ಕನ್ನಡ, ಕೆಳಗೆ ಆಟದ ಜಾಗದಲ್ಲಿ ಮರಾಠಿ, ಸ್ಕೂಲಿನಲ್ಲಿ ಇಂಗ್ಲಿಷ್. ಕನ್ನಡ ಅಕ್ಷರ ಬರುತ್ತದೆ, ಒತ್ತಕ್ಷರ ಬಂದಾಗ ಮಾತ್ರ ಕೈ ತಡವರಿಸುತ್ತದೆ.

ಕಾದಂಬರಿ ನಡೆಯುವುದು ಅವಳೇ ಕಟ್ಟಿದ ಒಂದು ಗ್ಯಾಲಕ್ಸಿಯಲ್ಲಿ. ಅಲ್ಲಿನ ಜನ ಎರಡು ಪಟ್ಟಿ ಇಟ್ಟುಕೊಂಡಿರುತ್ತಾರಂತೆ. ಉರಿಯುತ್ತಿರುವ ನಕ್ಷತ್ರಗಳದ್ದು ಒಂದು, ಇನ್ನೂ ಹುಟ್ಟದ ನಕ್ಷತ್ರಗಳದ್ದು ಇನ್ನೊಂದು. ಹುಟ್ಟಿದ ನಕ್ಷತ್ರದ ಹೆಸರು ಎರಡನೆಯ ಪಟ್ಟಿಯಿಂದ ಮೊದಲನೆಯದಕ್ಕೆ ಹೋಗುತ್ತದೆ. ಹುಟ್ಟುವುದೇ ಇಲ್ಲ ಎಂದು ಗೊತ್ತಾದದ್ದು ಎರಡನೆಯದರಲ್ಲೇ ಉಳಿಯುತ್ತದೆ. ಅದನ್ನು ಯಾರೂ ಹೊಡೆದುಹಾಕುವಂತಿಲ್ಲ. ಅದು ಆ ಲೋಕದ ಕಾನೂನು.

ನಾನು ಹದಿನೆಂಟು ವರ್ಷದಿಂದ ಸಾಫ್ಟ್‌ವೇರ್ ಪ್ರಾಜೆಕ್ಟುಗಳನ್ನು ನೋಡಿಕೊಳ್ಳುವವನು. ಓಪನ್ ಆಗಿರುವ ಐಟಂ ಕಂಡರೆ ಕೈ ತುರಿಸುತ್ತದೆ. “ಹುಟ್ಟಲ್ಲ ಅಂತ ಗೊತ್ತಾದ ಮೇಲೂ ಯಾಕಮ್ಮಾ ಇಟ್ಕೋಬೇಕು? ಕ್ಲೋಸ್ ಮಾಡಬಹುದಲ್ಲ?” ಅಂದೆ.

“ಅಪ್ಪಾ, ಅದು ನಿನ್ನ ಆಫೀಸಿನ ಟಿಕೆಟ್ ಅಲ್ಲ” ಅಂದಳು. ಸ್ವಲ್ಪ ಹೊತ್ತು ಬಿಟ್ಟು ಕೇಳಿದಳು: “ನಿಜವಾದ ಆಕಾಶದಲ್ಲಿ ಇಂಥ ಪಟ್ಟಿ ಇದೆಯಾ?”

ಎಂಟೆಕ್ ಮಾಡಿದ ಅಪ್ಪನಿಗೆ ಉತ್ತರ ಗೊತ್ತಿರಲಿಲ್ಲ. ಹುಡುಕಿ ಹೇಳುತ್ತೇನೆ ಅಂದೆ. ಮುಂದಿನ ಎರಡು ತಿಂಗಳ ಶನಿವಾರ, ಭಾನುವಾರಗಳು ಅದರಲ್ಲೇ ಹೋದವು. ಅಂಥದ್ದೊಂದು ಪಟ್ಟಿ ನಿಜವಾಗಿಯೂ ಇದೆ. ಮಾಡಿದವರಿಗೇ ತಾವು ಏನನ್ನು ಪಟ್ಟಿ ಮಾಡುತ್ತಿದ್ದೇವೆ ಎಂದು ಪೂರ್ತಿ ತಿಳಿದಿರಲಿಲ್ಲ ಎನ್ನುವುದೇ ಅದರ ಚರಿತ್ರೆಯ ಸ್ವಾರಸ್ಯ.

ಕಥೆ ಶುರುವಾಗುವುದು ಒಂದು ತೂತಿನಿಂದ. ವಿಲಿಯಂ ಹರ್ಶೆಲ್ ನಮ್ಮ ಹಾಗೇ ಹೊಟ್ಟೆಪಾಡಿಗೆ ಊರು ಬಿಟ್ಟವರು. ಜರ್ಮನಿಯ ಹ್ಯಾನೋವರಿನಿಂದ ಇಂಗ್ಲೆಂಡಿಗೆ ಬಂದ ಸಂಗೀತಗಾರ. 1781ರಲ್ಲಿ ಯುರೇನಸ್ ಗ್ರಹವನ್ನು ಕಂಡುಹಿಡಿದ ಮೇಲೆ ಪೂರ್ತಿ ಆಕಾಶಕ್ಕೇ ತಿರುಗಿದರು. ರಾತ್ರಿಯೆಲ್ಲ ಅವರು ದೂರದರ್ಶಕದಲ್ಲಿ ನೋಡಿ ಕೂಗಿ ಹೇಳುವುದು, ತಂಗಿ ಕ್ಯಾರೊಲಿನ್ ಮೇಜಿನ ಮುಂದೆ ಕೂತು ಬರೆದುಕೊಳ್ಳುವುದು. ಹೀಗೆ ಆಕಾಶವನ್ನು ಪಟ್ಟಿ ಪಟ್ಟಿಯಾಗಿ ಗುಡಿಸುತ್ತಿದ್ದಾಗ ವೃಶ್ಚಿಕದ ಮೈಯ ಹತ್ತಿರ ನಕ್ಷತ್ರಗಳೇ ಇಲ್ಲದ ಒಂದು ಕಪ್ಪು ಜಾಗ ಸಿಕ್ಕಿತು. ಸುತ್ತ ಕಿಕ್ಕಿರಿದ ಚುಕ್ಕಿಗಳು, ನಡುವೆ ಏನೂ ಇಲ್ಲ. ಹರ್ಶೆಲ್ ಬಹಳ ಹೊತ್ತು ಮಾತಾಡದೆ ನೋಡಿ, ಇಲ್ಲಿ ಆಕಾಶಕ್ಕೇ ತೂತು ಬಿದ್ದಿದೆ ಎಂದು ಜರ್ಮನ್ ಭಾಷೆಯಲ್ಲಿ ಉದ್ಗರಿಸಿದರಂತೆ. 1785ರ ತಮ್ಮ ಲೇಖನದಲ್ಲಿ ಆ ಜಾಗದ ಬಗ್ಗೆ ಬರೆದರು. ಪಕ್ಕದಲ್ಲಿ ನಕ್ಷತ್ರಗಳ ಗುಂಪೊಂದು ಇತ್ತು. ಆ ಗುಂಪು ತನ್ನ ಸುತ್ತಲಿನ ನಕ್ಷತ್ರಗಳನ್ನು ಎಳೆದುಕೊಂಡು ಜಾಗ ಖಾಲಿ ಮಾಡಿರಬೇಕು ಎಂಬುದು ಅವರ ಊಹೆ.

ಆ ಉದ್ಗಾರ ನಮಗೆ ತಿಳಿದಿರುವುದು ಕ್ಯಾರೊಲಿನ್ ಅದನ್ನು ಮರೆಯದೆ ಇದ್ದುದರಿಂದ. 1833ರಲ್ಲಿ, ಅಣ್ಣ ತೀರಿಕೊಂಡು ಹತ್ತು ವರ್ಷದ ಮೇಲೆ, ಎಂಬತ್ತು ದಾಟಿದ ಆಕೆ ಹ್ಯಾನೋವರಿನಿಂದ ಅಣ್ಣನ ಮಗ ಜಾನ್‌ಗೆ ಕಾಗದ ಬರೆದರು. ಜಾನ್ ದಕ್ಷಿಣದ ಆಕಾಶ ನೋಡಲು ಆಫ್ರಿಕಾದ ಕೇಪ್‌ಗೆ ಹೊರಟಿದ್ದರು. ವೃಶ್ಚಿಕದ ಆ ಭಾಗವನ್ನು ತಪ್ಪದೆ ನೋಡು ಎಂದು ಕ್ಯಾರೊಲಿನ್ ಕೇಳಿಕೊಂಡರು. ಜಾನ್ ನೋಡಿ, ಅಲ್ಲಿ ಎಷ್ಟು ಚಂದದ ನಕ್ಷತ್ರಗುಚ್ಛಗಳಿವೆ ಎಂದು ಉತ್ತರ ಬರೆದರು. ಅತ್ತೆಗೆ ಸಮಾಧಾನವಾಗಲಿಲ್ಲ. ನಾನು ಕೇಳಿದ್ದು ಇರುವ ನಕ್ಷತ್ರಗಳ ವಿಷಯ ಅಲ್ಲ, ನಿಮ್ಮ ಅಪ್ಪ ನೋಡಿ ಮಾತು ನಿಂತುಹೋದ ಆ ಕಪ್ಪು ಜಾಗದ ವಿಷಯ, ಎನ್ನುವ ಅರ್ಥದಲ್ಲಿ ಮತ್ತೆ ಬರೆದರು. ಐವತ್ತು ವರ್ಷದ ಹಿಂದಿನ ಒಂದು ‘ಇಲ್ಲ’ವನ್ನು ಆ ಮುದುಕಿ ಮನಸ್ಸಿನಲ್ಲಿಟ್ಟುಕೊಂಡಿದ್ದರು. ನನ್ನ ಮಗಳ ಎರಡನೆಯ ಪಟ್ಟಿಗೆ ಮೊದಲ ಗುಮಾಸ್ತೆ ಕ್ಯಾರೊಲಿನ್ನೇ ಎಂದು ನನಗೆ ಅನ್ನಿಸುತ್ತದೆ.

ಯುರೋಪಿನವರು ತೂತು ಎಂದದ್ದನ್ನು ಬೇರೆ ಕಡೆಯವರು ಆಗಲೇ ಬೇರೆ ಥರ ನೋಡಿದ್ದರು. ಆಸ್ಟ್ರೇಲಿಯಾದ ಮೂಲನಿವಾಸಿಗಳಿಗೆ ಆಕಾಶಗಂಗೆಯ ಕಪ್ಪು ಭಾಗದಲ್ಲಿ ಒಂದು ದೊಡ್ಡ ಎಮು ಹಕ್ಕಿ ಕಾಣುತ್ತದೆ. ದಕ್ಷಿಣ ಶಿಲುಬೆಯ ಪಕ್ಕದ ಕಪ್ಪು ಮಚ್ಚೆ ಅದರ ತಲೆ. ಆ ಹಕ್ಕಿ ಯಾವ ತಿಂಗಳು ಯಾವ ಭಂಗಿಯಲ್ಲಿದೆ ಎಂದು ನೋಡಿ, ನೆಲದ ಮೇಲಿನ ಎಮು ಮೊಟ್ಟೆ ಇಡುವ ಕಾಲವನ್ನು ಲೆಕ್ಕ ಹಾಕುತ್ತಿದ್ದರು. ದಕ್ಷಿಣ ಅಮೆರಿಕದ ಆಂಡಿಸ್ ಬೆಟ್ಟದ ಜನ ಅಲ್ಲೇ ಯಕಾನಾ ಎಂಬ ತಾಯಿ ಲಾಮಾವನ್ನು ಕಂಡರು. ಆಲ್ಫಾ ಸೆಂಟಾರಿ, ಬೀಟಾ ಸೆಂಟಾರಿ ಎಂದು ನಾವು ಕರೆಯುವ ಎರಡು ನಕ್ಷತ್ರಗಳು ಅದರ ಕಣ್ಣು. ಕಪ್ಪೂ ಒಂದು ವಸ್ತು, ಅದಕ್ಕೂ ಹೆಸರಿಡಬಹುದು ಎನ್ನುವುದು ಅವರಿಗೆ ದೂರದರ್ಶಕ ಇಲ್ಲದೆಯೇ ಗೊತ್ತಿತ್ತು.

ವಿಜ್ಞಾನಕ್ಕೆ ಅದು ಗೊತ್ತಾಗಲು ಫೋಟೋಗ್ರಫಿ ಬರಬೇಕಾಯಿತು. ಇಲ್ಲಿ ಇಬ್ಬರ ಹೆಸರು ಹೇಳಲೇಬೇಕು, ಇಬ್ಬರೂ ಕಾಲೇಜಿನ ದಾರಿಯಿಂದ ಆಕಾಶಕ್ಕೆ ಬಂದವರಲ್ಲ. ಸ್ಕಾಟ್ಲೆಂಡಿನಿಂದ ಅಮೆರಿಕಕ್ಕೆ ಬಂದ ವಿಲಿಯಮಿನಾ ಫ್ಲೆಮಿಂಗ್ ಬಸುರಿಯಾಗಿದ್ದಾಗಲೇ ಗಂಡ ಬಿಟ್ಟುಹೋದ. ಹಾರ್ವರ್ಡ್ ವೀಕ್ಷಣಾಲಯದ ನಿರ್ದೇಶಕ ಎಡ್ವರ್ಡ್ ಪಿಕರಿಂಗ್ ಅವರ ಮನೆಗೆಲಸಕ್ಕೆ ಸೇರಿದ ಆಕೆ ಮುಂದೆ ವೀಕ್ಷಣಾಲಯದಲ್ಲೇ ಗಾಜಿನ ಫೋಟೋ ಫಲಕಗಳನ್ನು ಪರಿಶೀಲಿಸುವ ಕೆಲಸಕ್ಕೆ ಬಂದರು. 1888ರಲ್ಲಿ ತೆಗೆದ ಒಂದು ಫಲಕದಲ್ಲಿ, ಒರಾಯನ್ನಿನ ಬೆಳ್ಳನೆಯ ಮಂಜಿನ ಅಂಚಿನಲ್ಲಿ ಅರ್ಧವೃತ್ತದಂಥ ಒಂದು ಕಪ್ಪು ಕಚ್ಚು ಅವರ ಕಣ್ಣಿಗೆ ಬಿತ್ತು. ಇಂದು ಕ್ಯಾಲೆಂಡರುಗಳಲ್ಲಿ ಕಾಣುವ ‘ಕುದುರೆ ತಲೆ’ ನೀಹಾರಿಕೆ ಅದೇ. ಮುಂದೆ ಅಚ್ಚಾದ ಪಟ್ಟಿಯಲ್ಲಿ ಹಾರ್ವರ್ಡಿನ ಶೋಧಗಳೆಲ್ಲ ಪಿಕರಿಂಗ್ ಹೆಸರಿಗೆ ಹೋದವು. ಫ್ಲೆಮಿಂಗ್ ಹೆಸರು ಬಿಟ್ಟುಹೋಯಿತು.

ಇನ್ನೊಬ್ಬರು ಎಡ್ವರ್ಡ್ ಎಮರ್ಸನ್ ಬರ್ನಾರ್ಡ್. 1857ರಲ್ಲಿ ಅಮೆರಿಕದ ನ್ಯಾಶ್‌ವಿಲ್ ಊರಿನಲ್ಲಿ ಹುಟ್ಟಿದರು. ಹುಟ್ಟುವ ಮೊದಲೇ ತಂದೆ ತೀರಿಕೊಂಡಿದ್ದರು. ಕಡು ಬಡತನ, ಸ್ಕೂಲಿಗೆ ಹೋದದ್ದು ಸುಮಾರು ಎರಡು ತಿಂಗಳು. ಒಂಬತ್ತು ತುಂಬುವ ಹೊತ್ತಿಗೆ ಫೋಟೋ ಸ್ಟುಡಿಯೋದಲ್ಲಿ ಕೆಲಸ. ಫೋಟೋಗಳನ್ನು ದೊಡ್ಡದು ಮಾಡುವ ಭಾರಿ ಯಂತ್ರವೊಂದು ಚಾವಣಿಯ ಮೇಲಿತ್ತು. ಅದಕ್ಕೆ ಬಿಸಿಲೇ ದೀಪ. ಸೂರ್ಯ ಸರಿದ ಹಾಗೆ ಯಂತ್ರವನ್ನು ಕೈಯಲ್ಲೇ ತಿರುಗಿಸುತ್ತಾ ಇರುವುದು ಹುಡುಗನ ಕೆಲಸ. ಆಕಾಶದ ಜೊತೆ ನಿಧಾನವಾಗಿ ಸರಿಯುವುದನ್ನು ಬರ್ನಾರ್ಡ್ ಅಲ್ಲೇ ಕಲಿತರು. ಮುಂದೆ ಹೊಸ ಧೂಮಕೇತು ಕಂಡುಹಿಡಿದವರಿಗೆ ಸಿಗುತ್ತಿದ್ದ 200 ಡಾಲರ್ ಬಹುಮಾನಗಳಿಂದ ಮನೆ ಕಟ್ಟಿಸಿಕೊಂಡರು. 1892ರಲ್ಲಿ ಗುರುಗ್ರಹದ ಐದನೆಯ ಚಂದ್ರನನ್ನು ಕಂಡರು.

1889ರಿಂದ ಅವರು ಆಕಾಶಗಂಗೆಯ ಫೋಟೋ ತೆಗೆಯತೊಡಗಿದರು. ಗಂಟೆಗಟ್ಟಲೆ ತೆರೆದಿಟ್ಟ ಫಲಕಗಳಲ್ಲಿ ಕಣ್ಣಿಗೆ ಕಾಣದ ಕಪ್ಪು ದಾರಿಗಳು, ಕಪ್ಪು ಮಚ್ಚೆಗಳು ಮೂಡಿದವು. ಬಹಳ ಕಾಲ ಬರ್ನಾರ್ಡ್ ಕೂಡ ಅವನ್ನು ತೂತುಗಳೆಂದೇ ತಿಳಿದಿದ್ದರು. 1913ರ ಬೇಸಿಗೆಯ ಒಂದು ಚಂದ್ರನಿಲ್ಲದ ರಾತ್ರಿ ಅವರು ಧನು ರಾಶಿಯ ಕಡೆ ಫೋಟೋ ತೆಗೆಯುತ್ತಿದ್ದಾಗ ಚಿಕ್ಕ ಚಿಕ್ಕ ಮೋಡಗಳು ಹಾದುಹೋದವು. ಮಳೆ ತರುವ ಈ ಭೂಮಿಯ ಮೋಡಗಳೇ. ಆಕಾಶಗಂಗೆಯ ಬೆಳಕಿನ ಮುಂದೆ ಅವು ಶಾಯಿ ಚೆಲ್ಲಿದ ಹಾಗೆ ಕಪ್ಪಗೆ ಕಂಡವು. ತಮ್ಮ ಫಲಕಗಳಲ್ಲಿದ್ದ ಮಚ್ಚೆಗಳು ಥೇಟ್ ಹೀಗೇ ಇದ್ದವಲ್ಲ ಎಂದು ಅವರಿಗೆ ಹೊಳೆಯಿತು. ಹಿಂದೆ ನಕ್ಷತ್ರಗಳಿವೆ, ಮುಂದೆ ಏನೋ ಅಡ್ಡ ನಿಂತಿದೆ.

1919ರಲ್ಲಿ ಬರ್ನಾರ್ಡ್ ಅಂಥ 182 ಕಪ್ಪು ಗುರುತುಗಳ ಪಟ್ಟಿ ಪ್ರಕಟಿಸಿದರು. ಒಂದೊಂದಕ್ಕೂ ನಂಬರು, ಜಾಗ, ಆಕಾರ. ಕುದುರೆ ತಲೆಗೆ ಬರ್ನಾರ್ಡ್ 33 ಎಂಬ ನಂಬರು ಬಂತು. ಎಲ್ಲ ಕಪ್ಪೂ ಮೋಡವೇ ಎಂದು ಅವರು ಹಟ ಹಿಡಿಯಲಿಲ್ಲ, ಕೆಲವು ನಿಜವಾಗಿಯೂ ಖಾಲಿ ಇರಬಹುದು ಎಂದೇ ಎಚ್ಚರಿಸಿದರು. ಆದರೂ ನಂಬರು ಕೊಟ್ಟರು. ನನ್ನ ಕೆಲಸದಲ್ಲಿ ಮೊದಲು ಏನೆಂದು ಗೊತ್ತಾಗಬೇಕು, ಆಮೇಲೆ ಪಟ್ಟಿಗೆ ಸೇರಬೇಕು. ಬರ್ನಾರ್ಡ್ ಕ್ರಮವೇ ತಿರುವುಮುರುವು. ಮೊದಲು ಪಟ್ಟಿಗೆ ಸೇರಿಸು, ಏನೆಂದು ಮುಂದಿನವರು ತಿಳಿದುಕೊಳ್ಳಲಿ. ಆಕಾಶಗಂಗೆಯ ಅಟ್ಲಾಸಿಗಾಗಿ ಕೈಯಲ್ಲಿ ಮುದ್ರಿಸಿದ 35,700 ಫೋಟೋ ಪ್ರಿಂಟುಗಳನ್ನು ಅವರು ಒಂದೊಂದಾಗಿ ತಾವೇ ಪರೀಕ್ಷಿಸಿದರು. 1923ರಲ್ಲಿ ತೀರಿಕೊಂಡರು. ಅಟ್ಲಾಸ್ ಹೊರಬಂದದ್ದು 1927ರಲ್ಲಿ, ಅವರ ಸಂಬಂಧಿ ಮೇರಿ ಕ್ಯಾಲ್ವರ್ಟ್ ಮತ್ತು ವೀಕ್ಷಣಾಲಯದ ನಿರ್ದೇಶಕ ಎಡ್ವಿನ್ ಫ್ರಾಸ್ಟ್ ಉಳಿದ ಕೆಲಸ ಮುಗಿಸಿದ ಮೇಲೆ.

1930ರಲ್ಲಿ ರಾಬರ್ಟ್ ಟ್ರಂಪ್ಲರ್ ನಕ್ಷತ್ರಗಳ ನಡುವಿನ ಜಾಗದಲ್ಲೆಲ್ಲ ಸಣ್ಣ ಧೂಳು ಇದೆ, ಅದು ಬೆಳಕನ್ನು ಮಂಕು ಮಾಡುತ್ತದೆ ಎಂದು ಸಾಧಿಸಿದರು. ತೂತಿನ ಕಥೆ ಅಲ್ಲಿಗೆ ಮುಗಿಯಿತು. ಉಳಿದದ್ದು ದೊಡ್ಡ ಪ್ರಶ್ನೆ: ಈ ಮೋಡಗಳು ಅಲ್ಲಿ ಏನು ಮಾಡುತ್ತಿವೆ?

ಉತ್ತರ ಕೊಟ್ಟವರು ಬಾರ್ಟ್ ಬೋಕ್. ನೆದರ್ಲೆಂಡಿನಲ್ಲಿ ಹುಟ್ಟಿ ಅಮೆರಿಕದ ಹಾರ್ವರ್ಡಿಗೆ ಬಂದವರು. ಬೋಕ್ ಹೆಸರಿನ ಜೊತೆ ಒಂದು ಧೂಮಕೇತುವೂ ಇದೆ: ಬಪ್ಪು-ಬೋಕ್-ನ್ಯೂಕರ್ಕ್, 1949. ಅದನ್ನು ಮೊದಲು ಕಂಡವರು ಹೈದರಾಬಾದ್ ಸಂಸ್ಥಾನದ ಸ್ಕಾಲರ್‌ಷಿಪ್ ಪಡೆದು ಹಾರ್ವರ್ಡಿಗೆ ಓದಲು ಹೋಗಿದ್ದ ವೇಣು ಬಪ್ಪು. ಅವರ ತಂದೆ ಹೈದರಾಬಾದಿನ ನಿಜಾಮಿಯಾ ವೀಕ್ಷಣಾಲಯದಲ್ಲಿದ್ದರು. ಬೆಂಗಳೂರಿನ ಭಾರತೀಯ ಖಭೌತ ವಿಜ್ಞಾನ ಸಂಸ್ಥೆಯನ್ನೂ ಕಾವಲೂರಿನ ವೀಕ್ಷಣಾಲಯವನ್ನೂ ಕಟ್ಟಿದ ಬಪ್ಪು ಇವರೇ. ಕೋರಮಂಗಲದಲ್ಲಿ ಆ ಸಂಸ್ಥೆಯ ಗೇಟಿನ ಮುಂದೆ ನಾನು ಎಷ್ಟೋ ಸಲ ಆಟೋಗೆ ಕಾದಿದ್ದೇನೆ. ಈ ನಂಟು ಆಗ ತಿಳಿದಿರಲಿಲ್ಲ.

1947ರಲ್ಲಿ ಬೋಕ್ ಮತ್ತು ಎಡಿತ್ ರೈಲಿ ಒಂದು ಪುಟ್ಟ ಲೇಖನ ಬರೆದರು. ಕಪ್ಪು ಮೋಡಗಳಲ್ಲಿ ಕೆಲವು ಚಿಕ್ಕವು, ಗುಂಡಗಿನವು, ಅಂಚು ಚೊಕ್ಕವಾಗಿರುವಂಥವು ಇವೆ. ಅವನ್ನು ಹುಳದ ಗೂಡಿಗೆ ಹೋಲಿಸಿದರು. ಒಳಗೆ ನಕ್ಷತ್ರ ತಯಾರಾಗುತ್ತಿರಬೇಕು, ಇವು ಹುಟ್ಟುವುದಕ್ಕೆ ಮೊದಲಿನ ಕೊನೆಯ ಹಂತ ಎಂದರು. ರೇಷ್ಮೆಗೂಡು ನೋಡಿ ಬೆಳೆದ ನಮ್ಮ ಕಡೆಯವರಿಗೆ ಈ ಹೋಲಿಕೆಯನ್ನು ಬಿಡಿಸಿ ಹೇಳಬೇಕಿಲ್ಲ.

ತರ್ಕ ಸರಿಯಿತ್ತು. ಮೋಡದ ಸ್ವಂತ ತೂಕ ಅದನ್ನು ಒಳಕ್ಕೆ ಕುಗ್ಗಿಸುತ್ತದೆ, ಒಳಗಿನ ಅನಿಲದ ಒತ್ತಡ ಹೊರಕ್ಕೆ ತಳ್ಳುತ್ತದೆ. ಮೋಡ ತಣ್ಣಗಾದಷ್ಟೂ ಒತ್ತಡ ಕಡಿಮೆ, ಕುಗ್ಗುವುದು ಸುಲಭ. ಈ ಲೆಕ್ಕವನ್ನು ಜೇಮ್ಸ್ ಜೀನ್ಸ್ 1902ರಲ್ಲೇ ಹಾಕಿದ್ದರು. ಈ ಗೂಡುಗಳೋ ಮೈನಸ್ 260 ಡಿಗ್ರಿಯಷ್ಟು ತಣ್ಣಗೆ. ಬೆಂಕಿಯ ಉಂಡೆ ಹುಟ್ಟಬೇಕಾದರೆ ಮೊದಲು ಅಷ್ಟು ಚಳಿ ಬೇಕು. ಆದರೆ ಪುರಾವೆ ಎಲ್ಲಿ? ಗೂಡಿನ ಒಳಗೆ ಕಣ್ಣು ಹೋಗುವುದಿಲ್ಲ. ಬಹಳ ಜನ ನಂಬಲಿಲ್ಲ.

ನೋಡಲು ಬೇರೆ ಬೆಳಕು ಬೇಕಾಗಿತ್ತು. ತಿಪಟೂರು ಕಡೆಯ ನಮ್ಮ ಮನೆಯ ಬಚ್ಚಲಿನಲ್ಲಿ ಹಂಡೆ ಒಲೆ ಇತ್ತು. ಹಸಿ ತೆಂಗಿನ ಮಟ್ಟೆ ತುರುಕಿದರೆ ಹೊಗೆಯಲ್ಲಿ ಒಲೆಯ ಬಾಯಿಯೇ ಕಾಣುತ್ತಿರಲಿಲ್ಲ. ಆದರೂ ಎದುರು ನಿಂತರೆ ಮೊಳಕಾಲಿಗೆ ಶಾಖ ತಗಲುತ್ತಿತ್ತು, ಒಳಗೆ ಉರಿ ಇದೆ ಎಂದು ಗೊತ್ತಾಗುತ್ತಿತ್ತು. ಅವಕೆಂಪು ಬೆಳಕು, ಅಂದರೆ ಇನ್ಫ್ರಾರೆಡ್, ಆ ಶಾಖದ ಹಾಗೆ. ಸಣ್ಣ ಧೂಳು ಅದನ್ನು ಅಷ್ಟಾಗಿ ತಡೆಯುವುದಿಲ್ಲ. 1983ರ ಜನವರಿಯಲ್ಲಿ ಐರಾಸ್ ಎಂಬ ಉಪಗ್ರಹ ಮೇಲೆ ಹೋಗಿ ಹತ್ತು ತಿಂಗಳು ಇಡೀ ಆಕಾಶವನ್ನು ಇನ್ಫ್ರಾರೆಡ್‌ನಲ್ಲಿ ನೋಡಿತು. ಅದೇ ವರ್ಷ, ವಿಮಾನದಲ್ಲಿ ಕೂರಿಸಿದ ದೂರದರ್ಶಕದಿಂದ ನೋಡಿದವರಿಗೆ ಬರ್ನಾರ್ಡ್ 335 ಎಂಬ ಗೂಡಿನೊಳಗೆ ಹುಟ್ಟುತ್ತಿರುವ ನಕ್ಷತ್ರದ ಶಾಖ ಸಿಕ್ಕಿತು. ಅದೇ ವರ್ಷದ ಆಗಸ್ಟಿನಲ್ಲಿ ಬೋಕ್ ತೀರಿಕೊಂಡರು. 1990ರಲ್ಲಿ ಯುನ್ ಮತ್ತು ಕ್ಲೆಮೆನ್ಸ್ ಎಂಬಿಬ್ಬರು ಇಂಥ ಹಲವು ಗೂಡುಗಳಲ್ಲಿ ಎಳೆಯ ನಕ್ಷತ್ರಗಳಿರುವುದನ್ನು ತೋರಿಸಿ ಲೇಖನ ಬರೆದರು. ಬೋಕ್ ಹೇಳಿದ್ದು ಸರಿಯಾಗಿತ್ತು ಎಂಬ ಮಾತನ್ನು ಲೇಖನದ ತಲೆಬರಹದಲ್ಲೇ ಹಾಕಿದರು. ಊಹೆಗೂ ಈ ಮಾತಿಗೂ ನಡುವೆ 43 ವರ್ಷ.

ಇಲ್ಲಿಗೆ ನಿಲ್ಲಿಸಿದರೆ ಇದು ಸುಖಾಂತ್ಯದ ಕಥೆ. ಆದರೆ ಮಗಳ ಪ್ರಶ್ನೆ ಇದ್ದದ್ದು ಹುಟ್ಟದೇ ಉಳಿಯುವವುಗಳ ಬಗ್ಗೆ.

ಬರ್ನಾರ್ಡ್ 68 ಎಂಬ ಪುಟ್ಟ ಮೋಡವಿದೆ, ಅರ್ಧ ಜ್ಯೋತಿರ್ವರ್ಷ ಅಗಲ. ಫೋಟೋದಲ್ಲಿ ನೋಡಿದರೆ ಹರ್ಶೆಲ್ ಹೇಳಿದ್ದೇ ಸರಿ ಅನ್ನಿಸುವಷ್ಟು ಕಪ್ಪು. 2001ರಲ್ಲಿ ಚಿಲಿ ದೇಶದಿಂದ ಅದನ್ನು ಇನ್ಫ್ರಾರೆಡ್‌ನಲ್ಲಿ ನೋಡಿದವರಿಗೆ ಮೋಡದ ಹಿಂದಿನ ಸಾವಿರಾರು ನಕ್ಷತ್ರಗಳು ಕಂಡವು. ಒಳಗೆ ಮಾತ್ರ ಏನೂ ಇಲ್ಲ. ಒಳಕ್ಕೆ ಎಳೆಯುವುದು, ಹೊರಕ್ಕೆ ತಳ್ಳುವುದು ಹೆಚ್ಚುಕಡಿಮೆ ಸಮ ಸಮವಾಗಿ ನಿಂತಿವೆ. ಪಕ್ಕದ ಇನ್ನೊಂದು ಚಿಕ್ಕ ಮೋಡ ಬಂದು ತಾಗಿ, ಇನ್ನೊಂದೆರಡು ಲಕ್ಷ ವರ್ಷಗಳಲ್ಲಿ ಅದು ಕುಸಿದು ನಕ್ಷತ್ರವಾಗುತ್ತದೆ ಎಂದು 2009ರ ಒಂದು ಲೆಕ್ಕ ಹೇಳುತ್ತದೆ.

ಇನ್ನು ಕೆಲವಕ್ಕೆ ಅದೂ ಇಲ್ಲ. 1950ರಲ್ಲಿ ದಕ್ಷಿಣ ಆಫ್ರಿಕಾದಲ್ಲಿ ಡೇವಿಡ್ ಥ್ಯಾಕರೆ ಕಂಡ ಗೂಡುಗಳ ಗುಂಪೊಂದಿದೆ. ಹತ್ತಿರದ ದೊಡ್ಡ ನಕ್ಷತ್ರಗಳ ತೀಕ್ಷ್ಣ ಬೆಳಕು ಅವನ್ನು ಕೊರೆದು ಹರಿದುಹಾಕುತ್ತಿದೆ. 2002ರಲ್ಲಿ ಹೊರಬಂದ ಹಬಲ್ ಚಿತ್ರದಲ್ಲಿ ಅವು ಚೂರು ಚೂರಾಗುತ್ತಿರುವುದು ಕಾಣುತ್ತದೆ. ಹುಡುಕಿದವರಿಗೆ ಅವುಗಳಲ್ಲಿ ನಕ್ಷತ್ರ ಹುಟ್ಟುತ್ತಿರುವ ಗುರುತು ಸಿಗಲಿಲ್ಲ. ದೊಡ್ಡ ಮೋಡಗಳಲ್ಲೂ ಒಟ್ಟು ಅನಿಲದಲ್ಲಿ ನಕ್ಷತ್ರವಾಗುವುದು ನೂರಕ್ಕೆ ಕೆಲವೇ ಪಾಲು, ಉಳಿದದ್ದು ಚದುರಿಹೋಗುತ್ತದೆ. ನಕ್ಷತ್ರ ಹುಟ್ಟುವುದೇ ಅಪರೂಪ, ಹುಟ್ಟದಿರುವುದೇ ಹೆಚ್ಚು. ಆದರೂ ಥ್ಯಾಕರೆಯ ಗೂಡುಗಳಿಗೆ ಥ್ಯಾಕರೆಯ ಗೂಡುಗಳು ಎಂಬ ಹೆಸರು ಹಾಗೇ ಇದೆ. ಇವುಗಳಿಂದ ಏನೂ ಆಗಲಿಲ್ಲ ಎಂದು ಯಾರೂ ಅವನ್ನು ಆಕಾಶದ ನಕ್ಷೆಯಿಂದ ತೆಗೆದಿಲ್ಲ.

ಹರ್ಶೆಲ್‌ನ ತೂತು ಏನಾಯಿತು? ವೃಶ್ಚಿಕದ ಆ ದಿಕ್ಕಿನಲ್ಲಿರುವುದು ರೋ ಒಫಿಯುಕಿ ಎಂಬ ಮೋಡಗಳ ಸಮೂಹ. ನಮಗೆ ತೀರಾ ಹತ್ತಿರದ ನಕ್ಷತ್ರ ತವರುಗಳಲ್ಲಿ ಒಂದು, ಸುಮಾರು 390 ಜ್ಯೋತಿರ್ವರ್ಷ ದೂರ. 2023ರ ಜುಲೈಯಲ್ಲಿ ಜೇಮ್ಸ್ ವೆಬ್ ದೂರದರ್ಶಕದ ಮೊದಲ ವರ್ಷದ ನೆನಪಿಗೆ ಬಿಡುಗಡೆ ಮಾಡಿದ ಚಿತ್ರ ಅದರದ್ದೇ. ಚಿತ್ರದಲ್ಲಿ ಸುಮಾರು ಐವತ್ತು ಎಳೆಯ ನಕ್ಷತ್ರಗಳಿವೆ. ಕ್ಯಾರೊಲಿನ್ ಕಾಗದ ಬರೆದು 190 ವರ್ಷವಾಗಿತ್ತು.

ಇಷ್ಟನ್ನೂ ಒಂದು ಭಾನುವಾರ ಮಗಳಿಗೆ ಹೇಳಿದೆ. ಬರ್ನಾರ್ಡ್ 68ರ ಚಿತ್ರವನ್ನು ಪ್ರಿಂಟ್ ತೆಗೆದುಕೊಟ್ಟೆ. ಅವಳು ಬಹಳ ಹೊತ್ತು ನೋಡಿ, ಒಳಗೆ ಹೋಗಿ ತನ್ನ ನೋಟ್‌ಬುಕ್ ತಂದು ಕೊಟ್ಟಳು. ಎರಡನೆಯ ಪಟ್ಟಿ ಅದರಲ್ಲಿತ್ತು. ನಲವತ್ತಕ್ಕೂ ಹೆಚ್ಚು ಹೆಸರು, ಎಲ್ಲ ಇಂಗ್ಲಿಷಿನಲ್ಲಿ. ಮೊದಲನೆಯದು ಮಾತ್ರ ಕನ್ನಡದಲ್ಲಿ: ‘ಚುಕಿ’.

2017ರಲ್ಲಿ ಅವಳು ಒಂದನೇ ಕ್ಲಾಸು. ನನ್ನ ಹೆಂಡತಿಗೆ ಆಗ ಎರಡನೆಯ ಸಲ. ಮೊದಲ ಸ್ಕ್ಯಾನಿನ ಕಪ್ಪು ಕಾಗದ ತೋರಿಸಿದಾಗ ಅದರಲ್ಲಿದ್ದ ಬಿಳಿ ಗುರುತು ನೋಡಿ ಮಗಳು ‘ಚುಕ್ಕಿ’ ಎಂದು ಹೆಸರಿಟ್ಟಿದ್ದಳು. ಐದನೇ ತಿಂಗಳಲ್ಲಿ ಹೋಯಿತು. ಆಫೀಸಿಗೆ ಮೂರು ದಿನ ರಜೆ ಹಾಕಿ ಕಾರಣ ‘ಪರ್ಸನಲ್’ ಎಂದು ಬರೆದೆ. ಊರಿಗೆ ಫೋನ್ ಮಾಡಿ ಇವಳಿಗೆ ಹುಷಾರಿಲ್ಲ ಎಂದಷ್ಟೇ ಹೇಳಿದೆ. ಆಮೇಲೆ ಎಷ್ಟೋ ಫಾರಂಗಳಲ್ಲಿ ಮಕ್ಕಳೆಷ್ಟು ಎಂಬ ಜಾಗದಲ್ಲಿ ಒಂದು ಎಂದು ಬರೆದಿದ್ದೇವೆ. ತಪ್ಪೇನಲ್ಲ, ಲೆಕ್ಕ ಸರಿಯಾಗಿಯೇ ಇದೆ. ಪಾಪು ಬರಲ್ಲ ಎಂದು ಮಗಳಿಗೆ ಒಂದೇ ಸಲ ಹೇಳಿದ್ದೆ, ಅವಳು ಮತ್ತೆ ಕೇಳಿರಲಿಲ್ಲ. ಮರೆತಳು ಎಂದುಕೊಂಡೆವು. ನಾವಿಬ್ಬರೂ ಆ ಮಾತು ಎತ್ತುವುದನ್ನು ಬಿಟ್ಟೆವು. ನಾನು ಅದನ್ನು ಕ್ಲೋಸ್ ಮಾಡಿದ್ದೆ.

ನೋಟ್‌ಬುಕ್ಕನ್ನು ಅಡಿಗೆಮನೆಗೆ ತೆಗೆದುಕೊಂಡು ಹೋಗಿ ಹೆಂಡತಿಯ ಕೈಗೆ ಕೊಟ್ಟೆ. ಅವಳು ನಿಂತೇ ಓದಿದಳು. ಏನೂ ಹೇಳಲಿಲ್ಲ. ಫ್ರಿಜ್ಜಿನ ಮೇಲಿದ್ದ ಪೆನ್ಸಿಲ್ ತೆಗೆದುಕೊಂಡು, ‘ಕಿ’ ಕೆಳಗೆ ಒಂದು ಕ ಒತ್ತು ಹಾಕಿ, ನೋಟ್‌ಬುಕ್ಕನ್ನು ಮಗಳಿಗೆ ವಾಪಸ್ ಕೊಟ್ಟಳು.

ಅವತ್ತು ರಾತ್ರಿ ಊಟಕ್ಕೆ ಕೂತಾಗ ಎಂಟು ವರ್ಷದ ಮೇಲೆ ಮೊದಲ ಸಲ ನಾವು ಮೂವರೂ ಚುಕ್ಕಿಯ ವಿಷಯ ಮಾತಾಡಿದೆವು.